ಆ ತಾಳ ಯಾರದು

ಫಿಶೆಲ್ ಗ್ರುನ್‌ಫೆಲ್ಡ್ ಮೇಜಿನ ಮೇಲೆ ಅಂಗೈ ಬಡಿದರು. ಪ್ರಾರ್ಥನಾಮಂದಿರದ ಗುಸುಗುಸು ಅಡಗಿತು. ಬ್ರೂಕ್ಲಿನ್ನಿನ ಆ ಪುಟ್ಟ ಯಹೂದಿ ಮಂದಿರಕ್ಕೆ ಅವರು ಬಹುಕಾಲದ ಧರ್ಮದರ್ಶಿ. ಮೇಜಿನ ಅಂಚಿನ ಬಣ್ಣ ಅಳಿದದ್ದು ಅವರ ಶಿಸ್ತಿನಿಂದಲೇ. ಆರೋಪಿ ಮುಂದೆ ಬರಲೆಂದು ಕೂಗಿದರು.

ಬಂದವನು ಹೆರ್ಷೆಲ್ ಲಿಪ್ಕಿಂಡ್, ರ‍್ಯಾಪ್ ಗಾಯಕ.

ಪೆಸಾಖ್ ಹಬ್ಬದ ನಂತರದ ವಾರಗಳು ಶೋಕದ ವಾರಗಳು. ಆಗ ನಿಷ್ಠಾವಂತರು ವಾದ್ಯ ಕೇಳುವಂತಿಲ್ಲ. ಬರಿಯ ಬಾಯಿಯ ಹಾಡಿಗೆ ಅಡ್ಡಿಯಿಲ್ಲ. ಆ ವಾರಗಳಿಗೆಂದೇ ಹೆರ್ಷೆಲ್ ಹೊಸ ಹಾಡುಗಳನ್ನು ಹೊರತಂದಿದ್ದ. ಬೇಕರಿಯ ಹೆಂಗಸರಿಂದ ಟ್ಯಾಕ್ಸಿ ಓಡಿಸುವ ಗಂಡಸರವರೆಗೆ ಎಲ್ಲರ ಬಾಯಲ್ಲೂ ಅವು ಕುಣಿಯುತ್ತಿದ್ದವು. ಅವುಗಳಲ್ಲಿ ಡ್ರಮ್ ಅಡಗಿದೆ ಎಂಬುದು ಫಿಶೆಲ್ ಅವರ ದೂರು.

ದೂರು ಸಾಬೀತಾದರೆ ಹೆರ್ಷೆಲ್‌ನ ಮಗಳು ಗಿಟ್ಟೆಲ್‌ಗೆ ಬಡಾವಣೆಯ ಶಾಲೆಯಲ್ಲಿ ಜಾಗವಿಲ್ಲ. ಮುಖ್ಯೋಪಾಧ್ಯಾಯಿನಿ ಹಾಗೆಂದು ಹೇಳಿ ಕಳಿಸಿದ್ದರು. ತಂದೆಯ ಹಾಡಿಗಾಗಿ, ಇನ್ನೂ ಅಕ್ಷರ ಕಲಿಯದ ಮಗುವನ್ನು ಹೊಸ್ತಿಲಾಚೆ ನಿಲ್ಲಿಸುವುದಕ್ಕೆ ಅಲ್ಲಿ ಶಿಸ್ತು ಎಂದು ಹೆಸರು. ಹೆಂಗಸರ ಪರದೆಯ ಹಿಂದೆ ಹೆಂಡತಿ ಬ್ರೈನೆ ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡಿದ್ದಳು.

ಹೆರ್ಷೆಲ್‌ನ ಚರಿತ್ರೆಯನ್ನು ಭಿತ್ತಿಪತ್ರಗಳು ಆಗಲೇ ಊರಿಗೆಲ್ಲ ಓದಿಸಿದ್ದವು. ಪವಿತ್ರ ಪಾಠವನ್ನು ಪ್ರಾಸ ಕಟ್ಟಿ ಒಪ್ಪಿಸಿದನೆಂದು ಧರ್ಮಪಾಠಶಾಲೆ ಅವನನ್ನು ಹೊರಹಾಕಿದ್ದು, ಸುರಂಗ ರೈಲಿನ ನಿಲ್ದಾಣಗಳಲ್ಲಿ ಹಾಡಿದ್ದು, ಮ್ಯಾನ್‌ಹಟನ್ನಿನ ವೇದಿಕೆ ಏರಿದ್ದು, ಎಲ್ಲವೂ ಅಲ್ಲಿದ್ದವು. ವಾರದ ಪವಿತ್ರ ವಿಶ್ರಾಂತಿ ಶುರುವಾಗುವ ಶುಕ್ರವಾರ ಸಂಜೆ ಹಾಡುವುದಿಲ್ಲ ಎಂದು ಹಟ ಹಿಡಿದು ಅವನು ದೊಡ್ಡದೊಂದು ಒಪ್ಪಂದ ಕಳೆದುಕೊಂಡ ಸಂಗತಿ ಮಾತ್ರ ಎಲ್ಲಿಯೂ ಇರಲಿಲ್ಲ. ಭಿತ್ತಿಪತ್ರ ಬರೆಸಿದವರು ಅವನ ಒಂದು ಹಾಡನ್ನೂ ಕೇಳಿದವರಲ್ಲ. ಖಂಡಿಸಲು ಅದನ್ನೇ ಅರ್ಹತೆ ಎಂದುಕೊಂಡಿದ್ದರು.

'ನೀವು ಕೇಳಿದ್ದೀರಾ, ರೆಬ್ ಫಿಶೆಲ್?' ಎಂದು ಗೌರವದಿಂದಲೇ ಕೇಳಿದರು, ತೀರ್ಪು ಕೊಡಲು ಕೂತಿದ್ದ ಮೂವರು ಧರ್ಮಗುರುಗಳಲ್ಲಿ ಹಿರಿಯರಾದ ರಬ್ಬಿ ತುವಿಯಾ.

'ದೇವರು ದೊಡ್ಡವನು, ಆ ಗತಿ ನನಗೆ ಬಂದಿಲ್ಲ. ಮೊಮ್ಮಗಳು ಹೇಳಿದ್ಳು.'

ಮದುವೆಗಳಲ್ಲಿ ಡ್ರಮ್ ಬಾರಿಸುವ ಬೆರಿಲ್‌ನನ್ನು ಸಾಕ್ಷಿಯಾಗಿ ಕರೆಸಲಾಗಿತ್ತು. ಅವನು ಹಾಡುಗಳನ್ನು ಕೇಳಿಬಂದಿದ್ದ. ಹೆರ್ಷೆಲ್‌ನ ಮುಖ ನೋಡದೆ ಮಾತಾಡಿದ. 'ಅದು ಬಾಯಲ್ಲ, ರಬ್ಬಿಗಳೇ, ಕೈ. ಎಷ್ಟೋ ವರ್ಷ ಪಳಗಿದ ಕೈ. ಸ್ವಲ್ಪ ಸಿಡುಕು ಜಾಸ್ತಿ, ತಾಳಕ್ಕಿಂತ ಮುಂಚೇನೇ ಬಂದುಬಿಡುತ್ತೆ. ಆಮೇಲೆ ಆ ಹಿತ್ತಾಳೆ ತಟ್ಟೆ ಸದ್ದು! ಅಂಥ ತಟ್ಟೆ ನನ್ನ ಹತ್ರಾನೂ ಇಲ್ಲ.'

ಹೆರ್ಷೆಲ್ ಅಲ್ಲಗಳೆಯಲಿಲ್ಲ. ಸದ್ದು ತನ್ನದಲ್ಲ, ಆದರೆ ವಾದ್ಯದ್ದೂ ಅಲ್ಲ ಎಂದ.

'ಮತ್ತೆ ಯಾರಪ್ಪ ಬಾರಿಸಿದ್ದು?' ಫಿಶೆಲ್ ಕೇಳಿದರು. 'ಮ್ಯಾನ್‌ಹಟನ್ನಿನ ಯಾವನೋ ಕುಡುಕನಾ?'

'ಕುಡಿಯೋರಲ್ಲ, ರೆಬ್ ಫಿಶೆಲ್. ನಮ್ಮ ಬೀದಿಯವರೇ. ಕಾಸೂ ಕೇಳಲ್ಲ. ದೇವರ ಸೇವೆ ಅಂತ ಬಾರಿಸ್ತಾರೆ.'

'ಎಲ್ಲಿ ಹಿಡಿದೆ ಈ ಸದ್ದನ್ನ?'

'ಇಲ್ಲೇ ಹತ್ತಿರ. ಒಂದು ಗುರುವಾರ ಬೆಳಿಗ್ಗೆ.'

'ಕೇಳಿದ್ರಾ?' ಫಿಶೆಲ್ ಸಭೆಯತ್ತ ತಿರುಗಿದರು. 'ನಾವೆಲ್ಲ ಪ್ರಾರ್ಥನೇಲಿರೋ ಹೊತ್ತು. ಇವನಿಗೆ ಆಗ ಡ್ರಮ್ಮು.'

ಹೆಸರು ಹೇಳೆಂದು ಮೂವರು ತೀರ್ಪುಗಾರರೂ ಒತ್ತಾಯಿಸಿದರು. ಜನರೆದುರು ಒಬ್ಬರ ಮಾನ ಕಳೆಯುವುದು ಮಹಾಪಾಪವೆಂದು ತಾನು ಕಲಿತದ್ದು ಇದೇ ಮಂದಿರದಲ್ಲಿ, ಆದ್ದರಿಂದ ಹೇಳಲಾರೆ ಎಂದ ಹೆರ್ಷೆಲ್. ಮೂಲ ಧ್ವನಿಮುದ್ರಣ ತನ್ನ ಫೋನಿನಲ್ಲಿದೆ, ರಬ್ಬಿ ತುವಿಯಾ ಒಬ್ಬರೇ ಒಳಕೋಣೆಯಲ್ಲಿ ಕೇಳಿ ತೀರ್ಮಾನಿಸಲಿ ಎಂದು ಬೇಡಿಕೊಂಡ.

ರಬ್ಬಿ ಎದ್ದೇಬಿಟ್ಟಿದ್ದರು. ಫಿಶೆಲ್ ಅಡ್ಡ ನಿಂತರು.

'ಬಾಗಿಲು ಹಾಕ್ಕೊಂಡು ಕೇಳೋಕೆ ಅದೇನು ಕದ್ದ ಮಾಲಾ? ಎಲ್ಲರೂ ಕೇಳಲಿ. ಶೋಕದ ವಾರಗಳಲ್ಲಿ ಡ್ರಮ್ ಬಾರಿಸೋನಿಗೆ ಎಂಥ ಮಾನ?'

ಹಾಡಿದವನಿಗೆ ವಿಧಿಸಿದ್ದನ್ನೇ ಬಾರಿಸಿದವನಿಗೂ ವಿಧಿಸಬೇಕೆಂದು ಅವರು ಪಟ್ಟು ಹಿಡಿದರು. ರಬ್ಬಿ ತುವಿಯಾ ಷರತ್ತು ಹೇಳಿದರು. ಅದು ವಾದ್ಯವೆಂದು ಸಾಬೀತಾದರೆ ಇಬ್ಬರಿಗೂ ಈ ಮಂದಿರದಲ್ಲಿ ಜಾಗವಿಲ್ಲ. ಬಾರಿಸಿದವನು ನಿರ್ದೋಷಿಯಾದರೆ ಹಾಡಿದವನೂ ನಿರ್ದೋಷಿ, ಗಿಟ್ಟೆಲ್‌ಳ ಕೈ ಹಿಡಿದು ಶಾಲೆಗೆ ಬಿಟ್ಟುಬರುವುದು ತಮ್ಮ ಹೊಣೆ ಎಂದರು.

'ಒಪ್ಪಿಗೆಯೇ, ರೆಬ್ ಫಿಶೆಲ್?'

'ಒಪ್ಪಿಗೆ. ಬಾರಿಸಿದವನು ಯಾರೇ ಆಗಿರಲಿ.'

'ಇನ್ನೊಂದು ಸಲ ಯೋಚನೆ ಮಾಡಿ,' ಎಂದ ಹೆರ್ಷೆಲ್, ಮೆಲ್ಲಗೆ.

'ಯೋಚನೆ ನೀನು ಮಾಡು. ಶಾಲೆಗೆ ಸೇರಬೇಕಾದ ಮಗಳಿರೋದು ನಿನಗೆ.'

ಪರದೆಯ ಹಿಂದೆ ಬ್ರೈನೆ ಮಗುವಿನ ಕಿವಿಗಳನ್ನು ಮುಚ್ಚಿದಳು. ಧರ್ಮದ ಹೆಸರಿನಲ್ಲಿ ಆಡಿದ ಮಾತಿಗೆ ಮಕ್ಕಳ ಕಿವಿ ಮುಚ್ಚಬೇಕಾಗಿ ಬರುವುದು ಯಾವ ಮಂದಿರಕ್ಕೂ ಶೋಭೆಯಲ್ಲ. ಆದರೆ ಅಂದು ಯಾರಿಗೂ ನಾಚಿಕೆಯಾದಂತೆ ಕಾಣಲಿಲ್ಲ. ಬೀದಿಯವರಿಗೂ ಕೇಳಿಸಲೆಂದು ಫಿಶೆಲ್ ತಾವೇ ಹೋಗಿ ಬಾಗಿಲನ್ನು ಹಾರುಹೊಡೆದು ಬಂದರು.

ಹೆರ್ಷೆಲ್ ಫೋನನ್ನು ಮೇಜಿನ ಮೇಲಿಟ್ಟು ಗುಂಡಿ ಒತ್ತಿದ. ಅನಂತರ ಯಾರ ಮುಖವನ್ನೂ ನೋಡಬಾರದೆಂಬಂತೆ ತಲೆ ತಗ್ಗಿಸಿದ.

ಮೊದಲು ಗಂಡಸರ ಪ್ರಾರ್ಥನೆಯ ಗುನುಗು. ಅದರ ನಡುವೆ ಯಾರೋ ಇಬ್ಬರ ಪಿಸುಮಾತು, ನಗೆ. ಆಮೇಲೆ, ತಾಳಕ್ಕಿಂತ ತುಸು ಮುಂಚೆ, ಧಪ್, ಧಪ್, ಧಪ್. ಬೆನ್ನಿಗೇ ಹಲ್ಲುಗಳ ನಡುವಿನಿಂದ ಹೊಮ್ಮಿದ ನೀಳವಾದ ಶ್ಶ್ಶ್.

'ಪ್ರಾರ್ಥನೆ ಹೊತ್ತಲ್ಲಿ ಸದ್ದು ಮಾಡೋರು ಎದ್ದು ಬೀದಿಗೆ ನಡೀರಿ,' ಎಂದಿತು ಫೋನು, ಫಿಶೆಲ್ ಗ್ರುನ್‌ಫೆಲ್ಡ್ ಅವರ ಧ್ವನಿಯಲ್ಲಿ.