ರೋಮಿಗೆ ಹೊರಟ ಹಡಗು

ಬ್ರಹ್ಮಾವರದ ಬಸ್ಸು ಬಂದು ನಿಂತರೂ ಮೀನುಗಾರ ಮುತ್ತಜ್ಜ, ಅಲ್ಲಿನ ಚರ್ಚಿಗೆ ಹೊರಟಿದ್ದ ಸುಪ್ರೀತಾಳ ಪುಸ್ತಕದ ಚೀಲದ ಮೇಲಿಟ್ಟ ಕೈ ತೆಗೆಯಲಿಲ್ಲ. ಬಸ್ಸು ಹೋಯಿತು.

“ಇಗರ್ಜಿ ಲೈಬ್ರರಿಗೆ ಕೊಡಿ, ಬ್ಯಾಡ ಅಂಬುದಿಲ್ಲೆ. ಮೊದ್ಲ್ ಆ ಹಡ್ಗ್ ಎಂತ ಆಯ್ತ್ ಹೇಳಿ ಅಮ್ಮ.”

ಆದಿ ಕ್ರೈಸ್ತರ ಚರಿತ್ರೆಯೆಂದರೆ ಅವಳ ಗಂಡ, ಶಾಲೆ ಮಾಸ್ತರ ಸುಶಾಂತನಿಗೆ ಹುಚ್ಚು. ಭಾನುವಾರ ಬೀಜಾಡಿಯ ಕಡಲ ದಂಡೆಯಲ್ಲಿ, ಬಲೆ ಸರಿಮಾಡುವವರ ನಡುವೆ ಕೂತು ಕಂತು ಕಂತಾಗಿ ಹೇಳುತ್ತಿದ್ದ. ಧರ್ಮಪ್ರಚಾರಕನೊಬ್ಬನನ್ನು ಕೈದಿಯಾಗಿ ರೋಮಿಗೆ ಒಯ್ಯುತ್ತಿದ್ದ ಹಡಗು ಬಿರುಗಾಳಿಗೆ ಸಿಕ್ಕಿದಾಗ ಮುತ್ತಜ್ಜ ರೇಗಿದ್ದ: “ಗಾಳಿ ತಿರ್ಗು ಹೊತ್ತಂಗೆ ಕಡ್ಲಿಗೆ ಇಳುಕೆ ಆ ಹಡ್ಗ್ ನಡ್ಸು ತಾಂಡೇಲನ ಮಂಡೆ ಸಮ ಇತ್ತಾ ಮಾಸ್ಟ್ರೆ?” ಸುಶಾಂತ್ ನಗುತ್ತ, ಕಥೆ ನಿಂತಲ್ಲಿ ಹೆಬ್ಬೆರಳಿಟ್ಟು ಪುಸ್ತಕ ಮುಚ್ಚಿದ್ದ. ಮರುವಾರದೊಳಗೆ ಜ್ವರದಲ್ಲಿ ತೀರಿಕೊಂಡ.

ಎಂಟು ತಿಂಗಳ ಬಳಿಕ ಸುಪ್ರೀತಾ ಆ ಪುಸ್ತಕ ತೆರೆದಳು. ಬಸ್ ನಿಲ್ದಾಣದಲ್ಲಿ ನಿಂತೇ ಓದಿ ಹೇಳಿದಳು. ಹಡಗು ಮರಳ ದಿಬ್ಬಕ್ಕೆ ಬಡಿದು ಒಡೆಯಿತು. ಈಜು ಬಲ್ಲವರು ಮೊದಲು ಹಾರಿದರು, ಉಳಿದವರು ಹಲಗೆ ಹಿಡಿದು ತೇಲಿದರು. ಇನ್ನೂರ ಎಪ್ಪತ್ತಾರು ಜನರೂ ದಡ ಸೇರಿದರು.

“ಒಬ್ರೂ ಸಾಯ್ಲಿಲ್ಯಾ?”

“ಒಬ್ರೂ ಇಲ್ಲೆ ಅಜ್ಜ.”

“ಮಾಸ್ಟ್ರಿಗೆ ಇದ್ ಮೊದ್ಲೇ ಗೊತ್ತಿತ್ತಾ?”

“ಗೊತ್ತಿತ್ತ್.”

“ಮತ್ತೆಂತಕ್ಕೆ ಅವತ್ತೇ ಹೇಳ್ಲಿಲ್ಲ?”

“ನಾನೂ ಕೇಳಿದ್ದೆ. ಬಪ್ಪ ಭಾನ್ವಾರಕ್ಕೆ ಇರ್ಲಿ ಅಂದಿದ್ರ್.”

ಹೇಳಿದ ಮೇಲೆಯೇ ಆ ಮಾತು ಅವಳ ಕಿವಿಗೆ ಬಿತ್ತು. ಎಂಟು ತಿಂಗಳಲ್ಲಿ ಮೊದಲ ಸಲ ಸುಪ್ರೀತಾ ಅತ್ತಳು, ರಸ್ತೆ ಬದಿಯಲ್ಲಿ, ಎಲ್ಲರೆದುರು.