ಮೊದಲ ಸಾಲಿನಲ್ಲಿ ನಗದವನು

ಆ ಮನುಷ್ಯ ಇವತ್ತೂ ಬಂದಿದ್ದ.

ಪರದೆಯ ಸಂದಿಯಿಂದ ಇಣುಕಿದ ಧರ್ಮ ಮೀಸೆ ಅಂಟಿಸಿಕೊಳ್ಳುವುದನ್ನೂ ಮರೆತು ನಿಂತ. ಆಲೂರಿನ ಸಭಾಭವನ ತುಂಬಿತ್ತು. ಮೊದಲ ಸಾಲಿನ ಕೊನೆಯ ಕುರ್ಚಿಯಲ್ಲಿ ಅದೇ ಬಿಗಿದ ಮುಖ. ಬಾಳ್ಳುಪೇಟೆಗೆ ಬಂದಿದ್ದ, ಸಕಲೇಶಪುರಕ್ಕೂ ಬಂದಿದ್ದ. ಜನ ಹೊಟ್ಟೆ ಹಿಡಿದುಕೊಂಡು ನಗುವಾಗ ಅವನ ತುಟಿ ಏನೋ ಮಣಮಣ ಎನ್ನುತ್ತಿತ್ತು, ಅಷ್ಟೆ. ಅವನನ್ನು ನಗಿಸಲೆಂದೇ ಧರ್ಮ ಮಾತುಗಳನ್ನು ತಿದ್ದಿ ತಿದ್ದಿ ಬರೆದಿದ್ದ. ಆತ ನಕ್ಕಿರಲಿಲ್ಲ.

"ವಿಚಾರಿಸ್ದೆ ಕಣಣ್ಣ," ಎಂದಳು ತಂಡದ ನಟಿ ನಯನಾ. "ಪುಟ್ಟಸ್ವಾಮಿ ಅಂತ. ಮಾರನಹಳ್ಳಿ ಕಡೆ ಎಸ್ಟೇಟ್ ರೈಟರ್, ಲೆಕ್ಕ ಬರಿಯೋನು. ನಿಮ್ಮಪ್ಪನ ಎಸ್ಟೇಟೇ."

ಧರ್ಮ ಪರದೆಯ ಸಂದಿ ಮುಚ್ಚಿದ.

ತೊಂಬತ್ತನೇ ಇಸವಿಯ ಸುಮಾರಿಗೆ, ಕಾಫಿ ಬೆಳೆಗಾರ ದೇವೀರಪ್ಪನವರ ಮಗ ಬಣ್ಣ ಹಚ್ಚಿ ಕುಣಿಯುತ್ತಾನೆಂದು ಊರು ಆಡಿಕೊಂಡಾಗ, ಅಪ್ಪ ಅವನನ್ನು ಮನೆಯಿಂದ ಹೊರಗೆ ಹಾಕಿದ್ದರು. "ನೀನು ಕುಣಿಯೋ ಜಾಗಕ್ಕೆ ನಾನು ಕಾಲಿಡಲ್ಲ," ಎಂದಿದ್ದರು, ಆಳುಗಳ ಎದುರಿಗೇ. ಅಂದಿನಿಂದ ಮಾತಿಲ್ಲ. ಧರ್ಮ ತಾನೇ ಬರೆದ, ತಾನೇ ಆಡಿದ, ಸೋತ, ಮತ್ತೆ ಬರೆದ. ಕೊನೆಗೆ ಹೆಸರು ತಂದುಕೊಟ್ಟಿದ್ದು ಒಂದೇ ಪಾತ್ರ: ಮನೆಮಂದಿಯನ್ನೆಲ್ಲ ನಡುಗಿಸುವ ಮುಂಗೋಪಿ ಸಾಹುಕಾರ. ಅವನು ಯಾರೆಂದು ಈ ಸೀಮೆಯಲ್ಲಿ ಯಾರಿಗೂ ಬಿಡಿಸಿ ಹೇಳಬೇಕಾಗಿರಲಿಲ್ಲ.

"ಕೇಸ್ ಹಾಕ್ತಾರೇನೋ. ಇವತ್ತು ಸಾವ್ಕಾರ್ರ ಸೀನ್ ಬಿಟ್ಬುಡಣ್ಣ," ಎಂದಳು ನಯನಾ.

ಬಿಡಬೇಕೆಂದೇ ರಂಗಕ್ಕೆ ಬಂದ. ಜನ ಬಿಡಲಿಲ್ಲ. "ಸಾವ್ಕಾರ್ರು ಬರ್ಲಿ!" ಎಂದು ಕೂಗಿದರು. ಧರ್ಮ ದಾಪುಗಾಲು ಹಾಕಿದ, ಗದರಿದ. ಸಭಾಭವನ ಬಿದ್ದು ಬಿದ್ದು ನಕ್ಕಿತು. ಪುಟ್ಟಸ್ವಾಮಿ ಮಾತ್ರ ಮುಂದಕ್ಕೆ ಬಾಗಿ, ಕಣ್ಣು ಮಿಟುಕಿಸದೆ ನೋಡುತ್ತಿದ್ದ.

ಪರದೆ ಬಿದ್ದದ್ದೇ ತಡ, ಧರ್ಮ ಬಣ್ಣದ ಮುಖದಲ್ಲೇ ಹೊರಗೋಡಿ ಅವನನ್ನು ಅಡ್ಡಗಟ್ಟಿದ.

"ನಮ್ಮಪ್ಪ ಸಾಕ್ಷಿಗೆ ಕಳ್ಸವ್ರೇನ್ರೀ?"

"ಅಯ್ಯೋ, ಬಿಡಿ ಸಾರ್, ಮಾತು ಮರ್ತೋಯ್ತವೆ! ಬೇಗ ಹೋಗಿ ಯಜಮಾನ್ರ ಮುಂದೆ ಪೂರ್ತಿ ಆಡಿ ತೋರಿಸ್ಬೇಕು."

"ಆಡಿ... ತೋರಿಸ್ಬೇಕಾ?"

"ನಿಮ್ದು ಎಲ್ಲಾ ನಾಟಕಾನೂ. ನಾನು ನಕ್ಕಂಡು ಕೂತ್ರೆ ಮುಂದಿನ ಮಾತು ತಪ್ಪೋಯ್ತದೆ. ಯಜಮಾನ್ರು ನಗೋದು ನೋಡ್ಬೇಕು ನೀವು! ಸಾವ್ಕಾರ್ರ ಸೀನಂತೂ ತಿರ್ಗಾ ತಿರ್ಗಾ ಆಡಿಸ್ತಾರೆ." ಪುಟ್ಟಸ್ವಾಮಿ ದನಿ ತಗ್ಗಿಸಿದ. "ಒಂದೇ ಒಂದು ತಪ್ಪು ಹಿಡಿದವ್ರೆ. ಬೇಜಾರ್ ಮಾಡ್ಕಬೇಡಿ."

"ಏನಂತೆ?"

"'ನಾನೀಗ ಹಂಗೆ ನಡೆಯಲ್ಲ, ಕೋಲು ಹಿಡ್ದಿವ್ನಿ, ಒಂದ್ಸಲ ಮನೇಗ್ ಬಂದು ನೋಡ್ಕಂಡು ಹೋಗಕ್ಕೇಳು' ಅಂದ್ರು."