ಕೈತಾನನ ತೊಳೆದ ಕಾಲು

ಸದಾಶಿವಗಡದಿಂದ ಬಂದ ದೋಣಿ ಕೋಡಿಬಾಗದ ದಡ ಮುಟ್ಟದೆ ಕೆಸರಿನಲ್ಲಿ ಕೂತುಬಿಟ್ಟದ್ದು, ಕೈತಾನನ ಕಾಲು ಜನ್ಮದಲ್ಲೇ ಮೊದಲ ಸಲ ಬೆಳ್ಳಗಾಗಿದ್ದ ದಿನವೇ. ಇಳಿತದ ಹೊತ್ತಿನಲ್ಲಿ ಹಾಗೆ ಸಿಕ್ಕಿಕೊಂಡ ದೋಣಿಯಿಂದ ಜನರನ್ನು ಬೆನ್ನ ಮೇಲೆ ಹೊತ್ತು ದಡಕ್ಕೆ ತರುವುದೇ ಅವನ ಕೆಲಸ. ಆದರೆ ಇಂದು ಪವಿತ್ರ ಗುರುವಾರ. ಯೇಸು ಶಿಷ್ಯರ ಕಾಲು ತೊಳೆದ ನೆನಪಿಗೆ ಇಗರ್ಜಿಯಲ್ಲಿ ಪಾದ್ರಿಗಳು ಹನ್ನೆರಡು ಗಂಡಸರ ಕಾಲು ತೊಳೆಯುತ್ತಾರೆ. ಈ ವರ್ಷ ಆ ಹನ್ನೆರಡರಲ್ಲಿ ಕೈತಾನನೂ ಒಬ್ಬ.

ತೊಳೆಸಿಕೊಳ್ಳುವ ಕಾಲನ್ನು ಮನೆಯಲ್ಲೇ ಚೆನ್ನಾಗಿ ತೊಳೆದುಕೊಂಡು ಹೋಗುವುದು ಅಲ್ಲಿನ ಪದ್ಧತಿ. ಪಾದ್ರಿಗಳ ಕೈ ಕೊಳೆಯಾಗಬಾರದಲ್ಲ! ಹೆಂಡತಿ ನತಾಲಿ ವಾರದಿಂದ ಅವನನ್ನು ಕೆಸರಿಗಿಳಿಯಲು ಬಿಟ್ಟಿರಲಿಲ್ಲ. ತೆಂಗಿನ ನಾರು, ಸೀಗೆಪುಡಿ, ಹಿಮ್ಮಡಿಯ ಬಿರುಕಿಗೆ ಕೊಬ್ಬರಿ ಎಣ್ಣೆ. ಮದುಮಗನಾಗಿದ್ದಾಗಲೂ ಅವನಿಗೆ ಅಷ್ಟು ಉಪಚಾರ ನಡೆದಿರಲಿಲ್ಲ. “ಊರೆಲ್ಲ ನೋಡ್ತದೆ. ನಮ್ಮನೇದು ಅಂತ ಒಂದು ಮರ್ಯಾದಿ ಬ್ಯಾಡ್ವಾ?” ಎನ್ನುತ್ತ ಉಜ್ಜಿದ್ದೇ ಉಜ್ಜಿದ್ದು.

ಈಗ ಇಬ್ಬರೂ ಇಗರ್ಜಿಗೆ ಹೊರಟವರು ದಡದಲ್ಲಿ ನಿಂತರು. ದೋಣಿಯಲ್ಲಿ ಮಾಜಾಳಿಯ ಹೀರಾ, ಅವಳ ಕಂಕುಳಲ್ಲಿ ಕೂಸು, ಕಾಲ ಬಳಿ ಜ್ವರದಿಂದ ಮುದುರಿ ಮಲಗಿದ್ದ ಅತ್ತೆ ಕಾಶಿ.

“ಕೈತಾನಣ್ಣಾ, ಡಾಕ್ಟರು ಎದ್ದು ಹೋಗೂದ್ರೊಳಗೆ ದವಾಖಾನೆ ಮುಟ್ಟಬೇಕು! ಅತ್ತೆಗೆ ಮೈಮೇಲೆ ಖಬರಿಲ್ಲ!” ಹೀರಾ ಕೂಗಿದಳು.

ಹೊರುವ ಉಳಿದವರೆಲ್ಲ ಊಟಕ್ಕೆ ಹೋಗಿದ್ದರು. ಅಂಬಿಗ ದೋಣಿ ಬಿಟ್ಟು ಇಳಿಯುವಂತಿರಲಿಲ್ಲ. ಕೈತಾನ ಪಂಚೆ ಎತ್ತಿದ. ನತಾಲಿ ಅವನ ರಟ್ಟೆ ಹಿಡಿದಳು.

“ಬ್ಯಾಡ. ಈಗ ಇಳಿದ್ರೆ ವಾರದ ಕೆಲಸ ನೀರಲ್ಲಿ ಹೋಗ್ತದೆ.”

“ಮತ್ತೆ ಮುದುಕಿ?”

ನತಾಲಿ ದೋಣಿಯತ್ತ ನೋಡಿದಳು, ಗಂಡನ ಕಾಲು ನೋಡಿದಳು. “ನೀವು ಇಲ್ಲೇ ನಿಲ್ಲಿ. ನಾ ಹೋಗ್ತೆ.” ಹಬ್ಬಕ್ಕೆಂದು ಎತ್ತಿಟ್ಟಿದ್ದ ಸೀರೆಯ ನೆರಿಗೆಯನ್ನು ಸೊಂಟಕ್ಕೆ ಸಿಕ್ಕಿಸಿ ಇಳಿದೇಬಿಟ್ಟಳು.

ಕೈತಾನ ತಡೆಯಬಹುದಿತ್ತು, ತಡೆಯಲಿಲ್ಲ. ನಿಜ ಹೇಳಬೇಕೆಂದರೆ ಅವನಿಗೂ ಆಸೆಯಿತ್ತು. ಕಂಡವರನ್ನೆಲ್ಲ ಹೊತ್ತು ತಿರುಗಿದ ಈ ಕಾಲನ್ನು ಒಂದು ದಿನವಾದರೂ ಯಾರಾದರೂ ಬಗ್ಗಿ ಮುಟ್ಟಲಿ ಎಂಬ ಆಸೆ. “ಕಾಲು ಎಳೀಬೇಡ, ಎತ್ತಿ ಎತ್ತಿ ಇಡು!” ಎಂದು ದಡದಿಂದಲೇ ಕೂಗುತ್ತ ನಿಂತ. ಮೊಣಕಾಲುದ್ದ ಕೆಸರಿನಲ್ಲಿ ಕಾಶಿಯನ್ನು ಬೆನ್ನಿಗೇರಿಸಿಕೊಂಡು ನತಾಲಿ ತೂರಾಡುತ್ತ ಬಂದಳು; ಕೂಸನ್ನು ಅವಚಿಕೊಂಡ ಹೀರಾ ಅವಳ ಹೆಜ್ಜೆಯಲ್ಲೇ ಹೆಜ್ಜೆಯಿಟ್ಟು ಹಿಂದೆ ಬಂದಳು. ಮುದುಕಿಯನ್ನು ದಡದಲ್ಲಿ ಬಾಡಿಗೆಗೆ ನಿಂತಿದ್ದ ಸೋಮನ ಎತ್ತಿನ ಗಾಡಿಗೆ ಹತ್ತಿಸಿದ್ದಷ್ಟೇ ಅವನ ಪಾಲಿಗೆ ಬಂದ ಕೆಲಸ.

ಹೊತ್ತಾಗಿತ್ತು. ಕಾಲು ತೊಳೆಯಲೂ ಪುರುಸೊತ್ತಿಲ್ಲದೆ ನತಾಲಿ ಇಗರ್ಜಿಯ ಕಟ್ಟಕಡೆಗೆ ಹೋಗಿ, ಪಾದಗಳನ್ನು ಸೀರೆಯೊಳಗೆ ಮುಚ್ಚಿಕೊಂಡು ಕೂತಳು. ಮುಂದೆ ಪಾದ್ರಿಗಳು ಮಂಡಿಯೂರಿ ಕೈತಾನನ ಪಾದಕ್ಕೆ ನೀರೆರೆದರು, ಒರೆಸಿದರು, ಬಗ್ಗಿ ಮುತ್ತಿಟ್ಟರು. ಕೈತಾನ ಬೋಗುಣಿಯೊಳಗೆ ನೋಡಿದ. ನೀರು ಆಗಷ್ಟೇ ಬಾವಿಯಿಂದ ಸೇದಿದಷ್ಟು ತಿಳಿಯಾಗಿತ್ತು. ಅವನಿಗೆ ತಲೆ ಎತ್ತಲಾಗಲಿಲ್ಲ.

ಮರಳುವಾಗ ಸೋಮ ದಾರಿಯಲ್ಲಿ ಗಾಡಿ ನಿಲ್ಲಿಸಿ, “ಡಾಕ್ಟರು ಸಿಕ್ಕಿದ್ರು. ಮುದುಕಿ ಬದುಕ್ತದೆ ಅಂದ್ರು,” ಎಂದ. ನತಾಲಿ ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡಳು. ಕೈತಾನ ಅವಳ ಕೆಸರುಗಾಲನ್ನೇ ನೋಡುತ್ತ ನಡೆದ.

ಮನೆ ಸೇರಿದವನೇ ಹೊಸ್ತಿಲ ಬಳಿ ಮಣೆ ಹಾಕಿ ಹೆಂಡತಿಯನ್ನು ಕೂರಿಸಿದ. ತಂಬಿಗೆಯಲ್ಲಿ ನೀರು, ಒಂದು ಬೋಗುಣಿ ತಂದು ಅವಳೆದುರು ಮಂಡಿಯೂರಿದ.

“ಅಯ್ಯೋ ದೇವರೇ, ಎಂತ ಮಾಡ್ತೀರಿ?”

ಅವನು ಬೆರಳ ಸಂದಿಯಲ್ಲಿ ಒಣಗಿ ಕೂತ ಕೆಸರನ್ನು ಒಂದೊಂದಾಗಿ ಬಿಡಿಸಿದ. ಬೋಗುಣಿಯ ನೀರು ಕಪ್ಪಾಯಿತು. ಹೆಗಲ ವಸ್ತ್ರದಿಂದ ಮೆತ್ತಗೆ ಒರೆಸಿದ. ಮತ್ತೆ ಬಗ್ಗತೊಡಗಿದಾಗ, ಪಾದ್ರಿಗಳ ಹಾಗೇ ಮುತ್ತಿಡಲು ಹೊರಟಿದ್ದಾನೆಂದು ನತಾಲಿಗೆ ಗೊತ್ತಾಯಿತು. ಹೊರಗೆ ಇಗರ್ಜಿಯಿಂದ ಮರಳುವವರ ಸಾಲು. ಅವಳ ಕಣ್ಣು ತುಂಬಿತ್ತು, ನಾಚಿಕೆಯಿಂದ ಕಾಲೆಳೆದುಕೊಂಡಳು.

“ಬಾಗಿಲಾದ್ರೂ ಹಾಕಿ. ಊರೆಲ್ಲ ನೋಡ್ತದೆ!”

“ನೋಡ್ಲಿ,” ಎಂದ ಕೈತಾನ, ಇನ್ನಷ್ಟು ಬಗ್ಗಿದ.